ಬಡಗಣ ಕಾವಲಿನ ಸಿಳ್ಳೆ

"ಆಗಲಿ ಕಣೆ ಹೆಸ್, ಬಿಟ್ಟುಬಿಟ್ಟೆ," ಎಂದ ರಾಯ್ಸ್, ಬೀನ್ಸಿನ ತಟ್ಟೆಯಿಂದ ತಲೆ ಎತ್ತದೆಯೇ. "ಕೆಳಗಿರೋದು ಕೆಳಗೇ ಇರ್ಲಿ. ಆ ಕಾಲೇಜಿನ ಹೆಂಗಸಿಗೆ ಹೇಳು, ಸೋಮವಾರ ಬರ್ಲಿ. ಎಲ್ಲಿ ರುಜು ಹಾಕು ಅಂತಾಳೋ ಅಲ್ಲಿ ಹಾಕ್ತೀನಿ."

ಒಲೆಯ ಮುಂದೆ ನಿಂತಿದ್ದ ಹೆಸ್ಟರ್ ಬಾಣಲೆಯನ್ನು ಕೆಳಗಿಟ್ಟು ಸೆರಗಂಚಿನಂತೆ ಇಳಿಬಿದ್ದಿದ್ದ ಏಪ್ರನ್ನಿಗೆ ಕೈ ಒರೆಸಿಕೊಂಡಳು. ಈ ಒಂದು ಮಾತಿಗಾಗಿ ಅವಳು ಎರಡು ವರ್ಷ ಇವನ ಬೆನ್ನು ಬಿದ್ದಿದ್ದಳು. ಈಗ ಮಾತು ಬಂತು, ಅದೂ ಉಪ್ಪು ಕೊಡು ಅಂದಷ್ಟು ಸಲೀಸಾಗಿ.

"ಇನ್ನೊಂದು ಸಲ ಹೇಳು."

"ಯಾಕೆ, ಕಿವಿ ಮಂದ ಆಯ್ತಾ? ಬಿಟ್ಟೆ ಅಂದೆ. ಸಾಕಾಗಿದೆ ನಂಗೆ. ಇರೋ ಎಣ್ಣೆ ಬಾವಿಗಳಲ್ಲಿ ಅರ್ಧಕ್ಕರ್ಧ ಉಪ್ಪುನೀರು ಬರ್ತಿದೆ. ಈ ವಯಸ್ಸಲ್ಲಿ ಇನ್ನೊಂದು ತೂತು ತೋಡಿ ನಾನೇನು ಹೊತ್ಕೊಂಡು ಹೋಗ್ಲಾ?" ರಾಯ್ಸ್ ಕಟ್ಟಿಸಿಕೊಂಡ ಹಲ್ಲನ್ನು ನಾಲಿಗೆಯಿಂದ ಒತ್ತಿ ಸರಿಮಾಡಿಕೊಂಡ. ಎಣ್ಣೆ ಬಾವಿಯ ಸರಪಳಿ ಹಾರಿ ಬಡಿದು ಅವನ ಮುಂದಿನ ಹಲ್ಲುಗಳೆಲ್ಲ ಎಂದೋ ಉದುರಿಹೋಗಿದ್ದವು. "ಪೈ ಮಾಡಿದೀಯೋ ಇಲ್ವೋ, ಅದನ್ನ ಹೇಳು."

ಪೈ ಮಾಡಿದ್ದಳು. ಒಣ ಏಪ್ರಿಕಾಟಿನದು, ಅವನಿಗೆ ಇಷ್ಟವಾದದ್ದು. ಅವಳು ದೊಡ್ಡ ತುಂಡನ್ನೇ ಕತ್ತರಿಸಿ ಬಡಿಸಿದಳು. ಕಣ್ಣು ತುಂಬಿದ್ದನ್ನು ತಮ್ಮ ನೋಡದಿರಲಿ ಎಂದು ಕಾಫಿ ಪಾತ್ರೆಯ ಕಡೆ ತಿರುಗಿದಳು.

ಆ ಸೀಮೆಯಲ್ಲಿ ನೆಲವನ್ನು ಉದ್ದಕ್ಕೆ ಹಂಚುವುದಿಲ್ಲ, ಅಡ್ಡಕ್ಕೆ ಹಂಚುತ್ತಾರೆ. ಮೇಲಿನ ಹುಲ್ಲು ಒಬ್ಬರದಾದರೆ ಅಡಿಯ ಎಣ್ಣೆ ಇನ್ನೊಬ್ಬರದು. ಅವರಪ್ಪ ಎಜ್ರಾ ಪ್ರುಯಿಟ್ ಸಾಯುವ ಮುಂಚೆ ಹಾಸಿಗೆಯಲ್ಲೇ ಎದ್ದು ಕೂತು, "ಮೇಲಿಂದು ಹುಡುಗಿಗೆ, ಕೆಳಗಿಂದು ಹುಡುಗನಿಗೆ. ಈಗ ಕಿತ್ತಾಡಿ ನೋಡೋಣ," ಎಂದು ತನ್ನ ಜಾಣತನಕ್ಕೆ ತಾನೇ ನಕ್ಕಿದ್ದ. ಊರವರೂ ಮೆಚ್ಚಿ ತಲೆದೂಗಿದ್ದರು. ಹುಲ್ಲಿನ ಬೇರು ಮುಗಿಯುವಲ್ಲಿಗೆ ಹೆಸ್ಟರಳ ಪಾಲು ಮುಗಿಯಿತು. ಅಲ್ಲಿಂದ ಪಾತಾಳದವರೆಗೆ ರಾಯ್ಸನದು. ಆದರೆ ಕೆಳಗೆ ಹೋಗಬೇಕಾದವನು ಮೇಲಿನಿಂದಲೇ ಹೋಗಬೇಕಲ್ಲ! ಕೆಳಗಿನವನು ಬಂದು ರಸ್ತೆ ಹಾಕಿದರೆ, ಗುಂಡಿ ತೋಡಿದರೆ, ಮೇಲಿನವಳು ಬೇಡ ಅನ್ನುವ ಹಾಗಿಲ್ಲ. ಕಾನೂನು ಅವನ ಕಡೆ. ಆ ಜಾಣ ಮುದುಕನಿಗೆ ಇದು ಗೊತ್ತಿರಲಿಲ್ಲವೇ? ಗೊತ್ತಿದ್ದೂ ನಕ್ಕನೇ? ಹೆಸ್ಟರ್ ಈ ಪ್ರಶ್ನೆಯನ್ನು ಕೇಳಿ ಕೇಳಿ ಸವೆಸಿಬಿಟ್ಟಿದ್ದಳು.

ಅವಳು ಮದುವೆಯಾಗಲಿಲ್ಲ. ಹುಲ್ಲನ್ನೇ ಕಟ್ಟಿಕೊಂಡಳು ಎಂದು ಊರಿನ ಗಂಡಸರು ಗೇಲಿ ಮಾಡುತ್ತಿದ್ದರು. ಸುತ್ತಲಿನವರೆಲ್ಲ ಗೋಧಿಯ ಆಸೆಗೆ ನೆಲ ಉತ್ತರು, ಧೂಳಿನ ವರ್ಷಗಳಲ್ಲಿ ಅದೇ ನೆಲ ಎದ್ದು ಹಾರಿಹೋಯಿತು. ಹೆಸ್ಟರಳ ಬಡಗಣ ಕಾವಲು ಮಾತ್ರ ಇದ್ದ ಹಾಗೇ ಇತ್ತು. ಲೋಕ ಹುಟ್ಟಿದಂದಿನಿಂದ ನೇಗಿಲು ಕಾಣದ ನೆಲ ಅದು. ವಸಂತ ಬಂದರೆ ಅಲ್ಲಿನ ದಿಬ್ಬದ ಮೇಲೆ ಬಯಲುಕೋಳಿ ಎಂಬ ಕಾಡುಹಕ್ಕಿಗಳು ಹೆಣ್ಣುಗಳನ್ನು ಒಲಿಸಲು ಕೊರಳ ಚೀಲ ಉಬ್ಬಿಸಿ ಕುಣಿಯುತ್ತಿದ್ದವು. ಅವುಗಳನ್ನು ನೋಡಲು ಬರುತ್ತಿದ್ದ ಕಾಲೇಜಿನ ಮಿಸ್ ಟೆನಾಂಟ್, ಆ ಕಾವಲನ್ನು ಯಾವತ್ತಿಗೂ ಯಾರೂ ಮುಟ್ಟದಂತೆ ಕಾಯುವ ಏರ್ಪಾಡು ಮಾಡಿಸುತ್ತೇನೆ ಎಂದಿದ್ದಳು. "ಆದರೆ ನೀವು ಮೇಲಿನದನ್ನಷ್ಟೇ ಕೊಡಬಹುದು ಮೇಡಂ. ಕೆಳಗಿನದನ್ನು ಬಿಟ್ಟೆ ಅಂತ ನಿಮ್ಮ ತಮ್ಮ ಹೇಳದಿದ್ದರೆ ನಮ್ಮವರು ಇದಕ್ಕೆ ಕೈ ಹಾಕೋದಿಲ್ಲ."

ಈಗ ತಮ್ಮ ಹೇಳಿದ್ದ. ಅಲ್ಲಿಗೆ ಬಿಟ್ಟಿದ್ದರೆ ಸರಿಹೋಗುತ್ತಿತ್ತು.

"ಬೆಳಿಗ್ಗೆ ಹೋಗೋ ಮುಂಚೆ ನನ್ನ ಜೊತೆ ದಿಬ್ಬಕ್ಕೆ ಬಾ," ಎಂದಳು ಹೆಸ್ಟರ್.

ರಾಯ್ಸ್ ಪೈ ಅಗಿಯುವುದನ್ನು ನಿಲ್ಲಿಸಿದ. "ಯಾಕೆ?"

"ಓರಿನ್‌ನ ಒಂದ್ಸಲ ನೋಡ್ಕೊಂಡು ಹೋಗು."

"ಅವನು ಇರೋದು ಚರ್ಚಿನ ಹಿಂದೆ. ನಾನೇ ಹೂತು ಬಂದಿದೀನಿ."

"ಬಾ ಅಂದ್ನಲ್ಲ."

ಓರಿನ್ ಅವರಿಬ್ಬರ ನಂತರ ಹುಟ್ಟಿದ ಕಿರಿಯ ತಮ್ಮ. ಎಜ್ರಾನಿಗೆ ಎಣ್ಣೆಯ ಹುಚ್ಚು ಹತ್ತಿ ದಿಬ್ಬದ ಮೇಲೆ ತನ್ನದೇ ಬೋರು ಕೊರೆಸುತ್ತಿದ್ದಾಗ ಈ ಹುಡುಗನಿಗೆ ಹತ್ತೊಂಬತ್ತು. ಬೋರಿನ ಬಾಯಿಯ ಸುತ್ತ ತೋಡಿದ್ದ ಹಳ್ಳದೊಳಗೆ ಇಳಿದು ಕೆಲಸ ಮಾಡುತ್ತಿದ್ದವನು, "ಅಪ್ಪಾ, ಕೊಳೆತ ಮೊಟ್ಟೆ ವಾಸನೆ ಬರ್ತಿದೆ. ಇದೆ ಅಪ್ಪಾ, ಇಲ್ಲೇ ಇದೆ!" ಎಂದು ಖುಷಿಯಲ್ಲಿ ಕೂಗಿದ. ಸ್ವಲ್ಪ ಹೊತ್ತಿಗೆ, "ಈಗ ವಾಸನೆ ಇಲ್ಲ," ಎಂದ. "ಇಲ್ದಿದ್ರೆ ಕೆಲಸ ಮುಗಿಸಿ ಮೇಲೆ ಬಾ," ಎಂದ ಎಜ್ರಾ. ಆ ಗಾಳಿ ಮೊದಲು ಮೂಗನ್ನು ಕೊಂದು ಆಮೇಲೆ ಮನುಷ್ಯನನ್ನು ಕೊಲ್ಲುತ್ತದೆ ಎಂಬುದು ಅಂದು ಅಲ್ಲಿ ಯಾರಿಗೂ ತಿಳಿದಿರಲಿಲ್ಲ. ಓರಿನ್ ಮೇಲೆ ಬರಲಿಲ್ಲ. ರಾಯ್ಸ್ ಮೂಗಿಗೆ ಒದ್ದೆ ಬಟ್ಟೆ ಕಟ್ಟಿಕೊಂಡು ಇಳಿದು ಅವನನ್ನು ಹೊತ್ತು ತಂದ, ಮಣ್ಣು ಮಾಡಿದ, ಆ ವಾರವೇ ಊರು ಬಿಟ್ಟ. ಅಪ್ಪ, ಕೆಳಗೆ ಏನೂ ಇಲ್ಲ ಎಂದು ಹಳ್ಳಕ್ಕೆ ಮಣ್ಣು ತುಂಬಿ, ಹೊರಗುಳಿದ ಕೇಸಿಂಗ್ ಪೈಪಿನ ಬಾಯಿಗೆ ಕಬ್ಬಿಣದ ಮುಚ್ಚಳ ಬಡಿದು, ಮನೆಗೆ ಹೋಗಿ ಬಂದೂಕು ತಂದು, ಆ ಮುಚ್ಚಳಕ್ಕೆ ಗುಂಡು ಹೊಡೆದ. ಅದರಲ್ಲಿ ಬೆರಳು ತೂರುವಷ್ಟು ತೂತಾಯಿತು.

ಮುಂದಿನ ಚಳಿಗಾಲದಿಂದ ಆ ತೂತು ಸಿಳ್ಳೆ ಹಾಕತೊಡಗಿತು.

ಬಡಗಾಳಿ ಬರುವ ಮುಂಚೆ ಮಾತ್ರ. ಆ ಬಯಲಿನಲ್ಲಿ ಮಧ್ಯಾಹ್ನ ಅಂಗಿ ತೋಳು ಮಡಿಸಿ ಓಡಾಡುವಷ್ಟು ಬೆಚ್ಚಗಿರುತ್ತದೆ. ಸಂಜೆಯೊಳಗೆ ಬಡಗಣದಿಂದ ಹಿಮಗಾಳಿ ನುಗ್ಗಿ ನಿಂತ ದನವನ್ನು ನಿಂತಲ್ಲೇ ಹೆಪ್ಪುಗಟ್ಟಿಸುತ್ತದೆ. ಅಂಥ ಗಾಳಿ ಇನ್ನೂ ದೂರದಲ್ಲಿರುವಾಗಲೇ ಪೈಪಿನೊಳಗಿನ ಉಸಿರು ಮೇಲೆ ಬಂದು ಉದ್ದಕ್ಕೆ, ಸಣ್ಣಗೆ ಸಿಳ್ಳೆ ಹಾಕುತ್ತಿತ್ತು. ಓರಿನ್ ಎರಡು ಬೆರಳು ಬಾಯಿಗಿಟ್ಟು ದನ ಕರೆಯುತ್ತಿದ್ದುದೂ ಹಾಗೇ, ಅದೇ ಸ್ವರ. ಹೆಸ್ಟರ್ ಮೊದಲ ಸಲ ಕೇಳಿದಾಗ ಕುದುರೆಯಿಂದ ಇಳಿದು ಹುಲ್ಲಿನ ಮೇಲೆ ಕೂತುಬಿಟ್ಟಿದ್ದಳು. ಆಮೇಲಾಮೇಲೆ ಅದು ಕೇಳಿದ ಕೂಡಲೇ ದನಗಳನ್ನು ತೆಂಕಣ ಕೊರಕಲಿಗೆ ಇಳಿಸುವುದು ರೂಢಿಯಾಯಿತು. ಕೊನೆಗೆ ಇಳಿಸುವುದೂ ಬೇಕಾಗಲಿಲ್ಲ. ಸಿಳ್ಳೆ ಕೇಳಿದರೆ ಮುದಿ ಹಸುಗಳು ತಾವೇ ಹೊರಡುತ್ತಿದ್ದವು, ಕರುಗಳು ಹಿಂದೆ. ಅಕ್ಕಪಕ್ಕದವರ ದನ ಬಡಗಾಳಿಗೆ ಸತ್ತ ವರ್ಷಗಳಲ್ಲೂ ಹೆಸ್ಟರಳ ಮಂದೆ ಉಳಿಯಿತು. ಓರಿನ್ ಕಾಯುತ್ತಿದ್ದಾನೆ ಎಂದು ಅವಳು ನಂಬಿದ್ದಳು. ಯಾರಿಗೂ ಬಾಯಿಬಿಟ್ಟು ಹೇಳಿರಲಿಲ್ಲ, ಅಷ್ಟೇ.

ಮೂವತ್ತು ವರ್ಷದಿಂದ ಅವಳ ಹತ್ತಿರ ದುಡಿಯುತ್ತಿದ್ದ ಎಲಾದಿಯೋ ಮಾತ್ರ ಹೇಳದೆಯೂ ಬಲ್ಲ. ಊಟ ಮುಗಿದ ಮೇಲೆ ಅವಳು ಕುದುರೆ ಲಾಯಕ್ಕೆ ಹೋಗಿ ಸುದ್ದಿ ಹೇಳಿದಾಗ ಅವನು ಟೋಪಿ ತೆಗೆದು ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡ. ತಮ್ಮನನ್ನು ದಿಬ್ಬಕ್ಕೆ ಕರೆದುಕೊಂಡು ಹೋಗುತ್ತೇನೆ ಎಂದಾಗ ಮುಖ ಕಿವಿಚಿ, ದೊಣಿಯಾ ಎಂದು ತನ್ನ ಸ್ಪ್ಯಾನಿಷಿನಲ್ಲಿ ಒಡತಿಯನ್ನು ಕರೆದ.

"ಬೇಡ ದೊಣಿಯಾ. ಆಟ ಗೆದ್ದಾಯ್ತು, ಇಸ್ಪೀಟು ಕೆಳಗಿಟ್ಟು ಎದ್ದುಬಿಡಿ."

"ಅವನು ನನ್ನ ತಮ್ಮ ಕಣೋ. ಓರಿನ್ ಸತ್ತ ಮೇಲೆ ಒಂದ್ಸಲಾನೂ ಆ ಕಡೆ ಕಾಲಿಟ್ಟಿಲ್ಲ. ಕೇಳ್ಲಿ, ಒಂದ್ಸಲ ಕೇಳಿ ಅತ್ತುಬಿಟ್ರೆ ಅವನ ಎದೆನೂ ಹಗುರ ಆಗತ್ತೆ."

"ಎಣ್ಣೆ ಜನ ಅಳೋದು ಬೇರೆ, ನಾವು ಅಳೋದು ಬೇರೆ," ಎಂದು ಎಲಾದಿಯೋ ಜೀನು ಒರೆಸತೊಡಗಿದ. "ನನಗೇನು, ಹೇಳೋದು ಹೇಳಿದೆ."

ಮರುದಿನ ಬೆಳಕು ಹರಿಯುವಾಗ ಅಕ್ಕ ತಮ್ಮ ಇಬ್ಬರೂ ದಿಬ್ಬದ ಬುಡದಲ್ಲಿ ಕೂತಿದ್ದರು. ಮಾರ್ಚ್ ತಿಂಗಳಿಗೆ ಹೇಳಿದ್ದಲ್ಲ ಎನ್ನುವಷ್ಟು ಬೆಚ್ಚಗಿತ್ತು. ಇಂಥ ಬೆಚ್ಚಗಿನ ಬೆನ್ನಿಗೇ ಬಡಗಾಳಿ ಬರುವುದು ಎಂದು ಹೆಸ್ಟರಳಿಗೆ ಗೊತ್ತಿತ್ತು. ಅಂದಿನ ಬೋರಿನ ಕೆಲಸದಲ್ಲಿ ತುಳಿದು ಬೋಳಾದ ಜಾಗದಲ್ಲೇ, ಮೊಣಕಾಲೆತ್ತರದ ಪೈಪಿನ ಸುತ್ತ, ಬಯಲುಕೋಳಿಗಳು ಕುಣಿಯುತ್ತಿದ್ದವು. ಬಾಲ ಎತ್ತಿ, ಕಾಲು ದಡಬಡ ಬಡಿದು, ಖಾಲಿ ಕೊಡಕ್ಕೆ ಊದಿದ ಹಾಗೆ ಸದ್ದು ಮಾಡುತ್ತ ಒಂದನ್ನೊಂದು ಎದುರಿಸುತ್ತಿದ್ದವು.

"ಕುಡಿದ ಪಾದ್ರಿಗಳ ಹಾಗಿವೆ," ಎಂದ ರಾಯ್ಸ್ ಮೆಲ್ಲಗೆ. ಹೆಸ್ಟರಳಿಗೆ ನಗು ತಡೆಯಲಾಗಲಿಲ್ಲ. ಇಬ್ಬರೂ ಬಾಯಿಗೆ ಕೈ ಒತ್ತಿಕೊಂಡು ಚಿಕ್ಕ ಮಕ್ಕಳಂತೆ ನಕ್ಕರು. ಅವಳ ಬದುಕಿನಲ್ಲಿ ಅಷ್ಟು ಸುಖದ ಗಳಿಗೆ ಬಹಳ ಕಾಲದಿಂದ ಬಂದಿರಲಿಲ್ಲ.

ಬಿಸಿಲು ಏರಿತು, ಹಕ್ಕಿಗಳು ಚದುರಿದವು. ಆಗ ಶುರುವಾಯಿತು. ಮೊದಲು ಉಬ್ಬಸದವರ ಉಸಿರಿನಂತೆ, ಆಮೇಲೆ ಸ್ವರ ಹಿಡಿದು ಉದ್ದಕ್ಕೆ.

ರಾಯ್ಸನ ಮುಖದ ರಕ್ತ ಇಳಿದುಹೋಯಿತು. ಓರಿನ್‌ಗೆ ಸಿಳ್ಳೆ ಕಲಿಸಿದವನೇ ಅವನು. ಇಬ್ಬರೂ ಸೇರಿ ಕಣಜದ ಹಿಂದೆ ಹೆಸ್ಟರಳಿಗೂ ಕಲಿಸಿದ್ದರು. ಹೆಣ್ಣು ಸಿಳ್ಳೆ ಹಾಕಿದರೆ ಮನೆಗೆ ಕೇಡು ಎಂದು ಅಪ್ಪ ಅವಳ ಬೆರಳಿನ ಮೇಲೆ ಬಾರಿಸಿ ಬಿಡಿಸಿದ್ದ. ರಾಯ್ಸ್ ಎದ್ದು ನಿಂತ, ಟೋಪಿ ತೆಗೆದ. ದೂರದಲ್ಲಿ ಹಸುಗಳು ಒಂದರ ಹಿಂದೊಂದು ಕೊರಕಲಿನ ಕಡೆ ಹೊರಟಿದ್ದವು.

"ನೋಡಿದ್ಯಾ," ಎಂದಳು ಹೆಸ್ಟರ್. "ಎಲ್ಲಿಗೂ ಹೋಗಿಲ್ಲ ಅವನು."

ರಾಯ್ಸ್ ಅಳುತ್ತಿದ್ದ. ಅಳುತ್ತಲೇ ಪೈಪಿನ ಹತ್ತಿರ ಹೋಗಿ ಮಂಡಿಯೂರಿದ. ಪ್ರಾರ್ಥನೆ ಮಾಡುತ್ತಿದ್ದಾನೆ ಎಂದುಕೊಂಡಳು ಹೆಸ್ಟರ್. ಅವನು ಮೂಗನ್ನು ತೂತಿನ ಹತ್ತಿರ ತಂದ. ತಟ್ಟನೆ ಹಿಂದೆ ಸರಿದು, ಮತ್ತೆ ಬಗ್ಗಿದ.

"ಹೆಸ್. ವಾಸನೆ."

"ಏನು ವಾಸನೆ?"

"ಅದೇ. ಅವತ್ತು ಅವನು ಹೇಳಿದ್ನಲ್ಲ, ಅದೇ." ರಾಯ್ಸ್ ಅಂಗೈಯನ್ನು ತೂತಿನ ಮೇಲಿಟ್ಟ. ಸಿಳ್ಳೆ ನಿಂತಿತು. ಕೈ ತೆಗೆದ, ಮತ್ತೆ ಬಂತು. "ಒತ್ತಡ ನೋಡು. ಕೆಳಗೆ ಏನೂ ಇಲ್ಲ ಅಂತ ಅಪ್ಪ ಮುಚ್ಚಿ ಹೋದ. ಏನೂ ಇಲ್ದಿದ್ದು ಇಷ್ಟು ವರ್ಷ ಹಿಂಗೆ ಉಸಿರಾಡತ್ತೇನೆ?"

ಹೆಸ್ಟರ್ ಅವನ ತೋಳು ಹಿಡಿದು ಎಳೆದಳು. "ಅದು ಓರಿನ್ ಕಣೋ."

"ಹೌದು, ಓರಿನ್ನೇ! ಇಲ್ಲಿದೆ, ಇಲ್ಲಿದೆ ಅಂತ ಅವತ್ತು ಕೂಗಿದೋನು ಇವತ್ತಿಗೂ ಕೂಗ್ತಾ ಇದಾನೆ. ನೀನು ಅದನ್ನ ಕೇಳ್ಕೊಂಡು ದನ ಹೊಡ್ಕೊಂಡು ಹೋದೆ."

"ನಿನ್ನೆ ಆಗಲಿ ಅಂದ್ಯಲ್ಲೋ! ನನ್ನ ಅಡುಗೆ ಮನೇಲಿ ಕೂತು, ನನ್ನ ಅನ್ನ ತಿಂದು ಅಂದೆ."

"ನಿನ್ನೆ ನಂಗೆ ಗೊತ್ತಿರ್ಲಿಲ್ಲ. ತೋರ್ಸಿದ್ದು ನೀನೇ ತಾನೇ?"

ಅವಳು ಅವನ ಕೆನ್ನೆಗೆ ಹೊಡೆದಳು. ಅವನ ಕಟ್ಟಿಸಿದ ಹಲ್ಲು ಜರುಗಿತು. ಅವನು ಅದನ್ನು ಸರಿಮಾಡಿಕೊಂಡು, ಸಿಟ್ಟಿಲ್ಲದೆ, ದುಃಖದ ಮುಖದಲ್ಲೇ ಹೇಳಿದ: "ಅವನು ಸುಮ್ನೆ ಸತ್ತ ಅಂತ ನಾನು ಇಷ್ಟು ವರ್ಷ ನಂಬಿದ್ದೆ ಹೆಸ್. ಏನೂ ಇಲ್ಲದ ತೂತಿಗೆ ಸತ್ತ ಅಂತ. ಆ ಸಂಕಟ ಏನು ಅಂತ ನಿಂಗೊತ್ತಾ? ಈಗ ಅದು ಹಾಗಲ್ಲ ಅಂತ ಗೊತ್ತಾದ ಮೇಲೆ ಹೆಂಗೆ ಬಿಡ್ಲಿ?"

ಸುಳ್ಳು ಹೇಳುತ್ತಿದ್ದರೆ ಬೈಯಬಹುದಿತ್ತು. ಅವನು ಸುಳ್ಳು ಹೇಳುತ್ತಿರಲಿಲ್ಲ, ಅದೇ ತೊಂದರೆ. ಕೈಯಾರೆ ಕರೆತಂದು ತೋರಿಸಿದವಳು ತಾನು. ಸಂಜೆ ಬಡಗಾಳಿ ಬಂತು. ದನಗಳು ಅಷ್ಟು ಹೊತ್ತಿಗೆ ಕೊರಕಲಿನಲ್ಲಿ ಬೆಚ್ಚಗಿದ್ದವು. ರಾಯ್ಸನ ಕಾರು ಆಗಲೇ ಊರಿನ ದಾರಿಯಲ್ಲಿತ್ತು.

ಮಿಸ್ ಟೆನಾಂಟ್ ಸೋಮವಾರ ಬಂದು, ಕಾಫಿ ಕುಡಿದು, ಹೆಸ್ಟರಳ ಕೈಯನ್ನು ಬಹಳ ಹೊತ್ತು ಹಿಡಿದುಕೊಂಡಿದ್ದು, ಆಮೇಲೆ ಹೊರಟಳು. ಮತ್ತೆ ಬರಲಿಲ್ಲ.

ಬೇಸಿಗೆಯಲ್ಲಿ ಸುಣ್ಣಕಲ್ಲಿನ ಬಿಳಿ ರಸ್ತೆ ಹುಲ್ಲನ್ನು ಸೀಳಿಕೊಂಡು ದಿಬ್ಬಕ್ಕೆ ಬಂತು. ದಿಬ್ಬದ ನೆತ್ತಿಯನ್ನು ಬುಲ್ಡೋಜರ್ ಸಪಾಟು ಮಾಡಿತು. ಹೊಸ ಬೋರು ಕೊರೆಯುವ ಮುಂಚೆ ಹತ್ತಿರದ ಹಳೇ ಬೋರನ್ನು ಸಿಮೆಂಟು ತುಂಬಿ ಮುಚ್ಚಬೇಕು ಎಂಬುದು ನಿಯಮ. ರಾಯ್ಸ್ ಅದನ್ನು ಹೇಳಲು ತಾನೇ ಬಂದ. ಮೆಟ್ಟಿಲಿನ ಕೆಳಗೆ ನಿಂತು, ಟೋಪಿಯ ಅಂಚನ್ನು ತಿರುಗಿಸುತ್ತ ಹೇಳಿದ.

"ಮುಚ್ಚದಿದ್ರೆ ಆ ಗಾಳಿ ಇನ್ನೊಬ್ಬ ಹುಡುಗನ್ನ ಕೊಲ್ಲತ್ತೆ."

"ಮುಚ್ಚು," ಎಂದಳು ಹೆಸ್ಟರ್. "ನಿಂದು ತಾನೇ ಅದು. ಕೆಳಗಿಂದು."

ಸಿಮೆಂಟಿನ ಲಾರಿಗಳು ಬಂದ ದಿನ ಎಲಾದಿಯೋ ರಜೆ ಕೇಳಿ ಊರಿಗೆ ಹೋದ, ಕುಡಿದು ಬಂದ. ಅಕ್ಟೋಬರಿನಲ್ಲಿ ಎಣ್ಣೆ ಬಿತ್ತು. ಕೊಪ್ಪರಿಗೆಗಟ್ಟಲೆ ಅಲ್ಲ, ಆದರೂ ಬಿತ್ತು. ರಾಯ್ಸನ ಮುಳುಗುತ್ತಿದ್ದ ದೋಣಿ ದಡ ಸೇರುವಷ್ಟು. ತಲೆಯಾಡಿಸುವ ಪಂಪು ಹಗಲೂ ರಾತ್ರಿ ಕಿರ್ರ್ ಎನ್ನುತ್ತ ಏಳುತ್ತ ಬೀಳುತ್ತ ನಿಂತಿತು. ಪಕ್ಕದಲ್ಲಿ ತಗಡಿನ ಬೋರ್ಡು: ಓರಿನ್ ಪ್ರುಯಿಟ್, ಒಂದನೇ ಬಾವಿ. ತಮ್ಮನ ಹೆಸರಿಟ್ಟರೆ ಅಕ್ಕನಿಗೆ ಸಮಾಧಾನವಾದೀತು ಎಂದು ಅವನು ಎಣಿಸಿದ್ದ. ಹೆಸ್ಟರ್ ಆ ಬೋರ್ಡನ್ನು ಒಮ್ಮೆ ಓದಿ, ಮನೆಗೆ ಬಂದು, ಬಡಗಣ ಕಿಟಕಿಗೆ ಕಂಬಳಿ ಹೊದಿಸಿ ಮೊಳೆ ಹೊಡೆದಳು.

ಆದರೂ ಅವನು ಭಾನುವಾರ ಭಾನುವಾರ ಬರತೊಡಗಿದ. ಅವಳು ಬಾ ಅನ್ನಲಿಲ್ಲ, ಹೋಗು ಅನ್ನಲಿಲ್ಲ. ಬೀನ್ಸ್ ಬಡಿಸುತ್ತಿದ್ದಳು, ಪೈ ಮಾಡುತ್ತಿರಲಿಲ್ಲ. ಉಂಡಾದ ಮೇಲೆ ಅವನು ಜಗಲಿಯಲ್ಲಿ ಕೂತು ಬಡಗಣದ ಕಡೆ ಕಿವಿ ಕೊಡುತ್ತಿದ್ದ.

"ಏನಾದ್ರೂ ಕೇಳಿಸ್ತಾ ಈ ವಾರ?"

"ನಿನ್ನ ಪಂಪು ಕೇಳಿಸ್ತು."

"ಅದಲ್ಲ."

"ಸಿಮೆಂಟು ತುಂಬಿಸಿದೋನು ನೀನು. ನನ್ನ ಕೇಳ್ತೀಯಾ?"

ಹೀಗೇ ಚಳಿಗಾಲ ಕಳೆಯಿತು. ಬಡಗಾಳಿ ಎರಡು ಸಲ ಸುಮ್ಮನೆ ಮುಟ್ಟಿ ಹೋಯಿತು. ರೇಡಿಯೋ ಮುಂಚೆಯೇ ಹೇಳಿತ್ತು, ಎಲಾದಿಯೋ ದನಗಳನ್ನು ಹೊಡೆದಾಡಿಕೊಂಡು ಇಳಿಸಿದ್ದ. ಮಾರ್ಚ್ ಬಂತು. ಬಯಲುಕೋಳಿಗಳು ಬೆರಳೆಣಿಕೆಯಷ್ಟು ಬಂದವು. ಬೇರೆಲ್ಲಿಗೂ ಹೋಗಲು ತಿಳಿಯದೆ ಅವು ಪಂಪಿನ ಸುತ್ತಲಿನ ಬಿಳಿ ಕಲ್ಲುಪುಡಿಯ ಮೇಲೇ ಕುಣಿಯಲು ನೋಡಿದವು. ಪಂಪಿನ ತಲೆ ಮೇಲೆದ್ದಾಗಲೆಲ್ಲ ಹೆದರಿ ಮುದುಡುತ್ತಿದ್ದವು, ಇಳಿದಾಗ ಮತ್ತೆ ಕೊರಳು ಉಬ್ಬಿಸುತ್ತಿದ್ದವು.

ಆ ಭಾನುವಾರ ರೇಡಿಯೋ ಏನೂ ಹೇಳಿರಲಿಲ್ಲ. ಅಂಗಿ ತೋಳು ಮಡಿಸುವಷ್ಟು ಬೆಚ್ಚಗಿತ್ತು. ಹೆಸ್ಟರ್ ಪಾತ್ರೆ ತೊಳೆಯುತ್ತಿದ್ದವಳು ಜಗಲಿಯಿಂದ ರಾಯ್ಸ್ ಕೂಗಿದ್ದಕ್ಕೆ ಒದ್ದೆ ಕೈಯಲ್ಲೇ ಓಡಿಬಂದಳು. ಬಡಗಣ ಅಂಚಿನಲ್ಲಿ, ಈ ತುದಿಯಿಂದ ಆ ತುದಿಗೆ, ಕಡುನೀಲಿ ಗೋಡೆ ಎದ್ದಿತ್ತು. ಅದರ ಬುಡದಲ್ಲಿ ಧೂಳು ಉರುಳುತ್ತಿತ್ತು.

"ದನ ಎಲ್ಲಿವೆ?" ಎಂದ ರಾಯ್ಸ್.

"ಮೇಲೆ. ಕರು ಹಾಕಿರೋವೆಲ್ಲ ದಿಬ್ಬದ ಮೇಲೇ ಇವೆ."

ಅವನ ಕಾರಿನಲ್ಲೇ ಬಿಳಿ ರಸ್ತೆಯ ಮೇಲೆ ಹೋದರು. ಎಲಾದಿಯೋ ಆಗಲೇ ಕುದುರೆಯ ಮೇಲೆ ಮಂದೆಯ ಆಚೆ ಬದಿಯಲ್ಲಿ ಹಗ್ಗ ಬೀಸುತ್ತ, ಸ್ಪ್ಯಾನಿಷಿನಲ್ಲಿ ಬೈಯುತ್ತ ಅಲೆದಾಡುತ್ತಿದ್ದ. ಹಸುಗಳು ಕದಲುತ್ತಿರಲಿಲ್ಲ. ಅವಕ್ಕೂ ಗಾಳಿಯ ವಾಸನೆ ಹತ್ತಿತ್ತು, ಮೈ ನಡುಗುತ್ತಿತ್ತು. ಆದರೂ ಪಂಪಿನ ಪಕ್ಕದಲ್ಲಿ ಹಳೇ ಬೋರನ್ನು ಮುಚ್ಚಿದ್ದ ಸಿಮೆಂಟಿನ ಬಿಲ್ಲೆಯ ಕಡೆ ಮುಖ ಮಾಡಿ, ಕರುಗಳನ್ನು ಹೊಟ್ಟೆಯಡಿ ನಿಲ್ಲಿಸಿಕೊಂಡು, ಎಲ್ಲವೂ ಕಾಯುತ್ತಿದ್ದವು. ಮುದಿ ಹಸುವನ್ನು ಎಲಾದಿಯೋ ಹತ್ತು ಮಾರು ಅಟ್ಟಿದರೆ ಅದು ಸುತ್ತು ಹಾಕಿ ಅಲ್ಲಿಗೇ ಬಂದು ನಿಲ್ಲುತ್ತಿತ್ತು.

"ಹೋಗ್ರೇ! ಹೋಗ್ರೇ!" ರಾಯ್ಸ್ ಟೋಪಿಯಿಂದ ಅವುಗಳ ಮುಖಕ್ಕೆ ಬೀಸಿದ. ಕಣ್ಣು ಮಿಟುಕಿಸಿದವು, ಅಷ್ಟೆ. ಅವನು ಅಕ್ಕನ ಕಡೆ ನೋಡಿದ. ಅವನಿಗೆ ಅರ್ಥವಾಗಿತ್ತು. ಎರಡು ಬೆರಳು ಬಾಯಿಗಿಟ್ಟು ಊದಿದ. ಕಟ್ಟಿಸಿದ ಹಲ್ಲಿನ ಸಂದಿಯಿಂದ ಬರೀ ಉಸಿರು ಬಂತು. ಹಲ್ಲಿನ ಕಟ್ಟನ್ನು ಕಿತ್ತು ಜೇಬಿಗೆ ಹಾಕಿಕೊಂಡು ಮತ್ತೆ ಊದಿದ. ಜೊಲ್ಲು ಗಲ್ಲಕ್ಕೆ ಇಳಿಯಿತು, ಸ್ವರ ಬರಲಿಲ್ಲ.

"ಹೆಸ್," ಎಂದ ಬೊಚ್ಚು ಬಾಯಲ್ಲಿ. "ನೀನು. ನಿಂಗೆ ಬರತ್ತೆ."

ಗಾಳಿಯ ಮೊದಲ ಏಟು ಅವಳ ಬೆನ್ನಿಗೆ ಬಿತ್ತು, ಐಸು ಸುರಿದ ಹಾಗೆ. ಹೆಸ್ಟರ್ ಸೋಪಿನ ವಾಸನೆಯ ಎರಡು ಬೆರಳನ್ನು ತುಟಿಗಿಟ್ಟಳು. ಅಪ್ಪ ಬಾರಿಸಿದ ಬೆರಳುಗಳು. ಮೊದಲ ಸಲ ಏನೂ ಬರಲಿಲ್ಲ. ಎರಡನೆಯ ಸಲ ಬಂತು, ಉದ್ದಕ್ಕೆ, ಸಣ್ಣಗೆ, ಓರಿನ್ ಕಲಿಸಿದ ಹಾಗೇ.

ಇಡೀ ಮಂದೆ ಒಟ್ಟಿಗೆ ಕಿವಿ ನಿಮಿರಿಸಿತು. ಮುದಿ ಹಸು ಕತ್ತೆತ್ತಿತು. ಅವಳು ಉಸಿರು ಮುಗಿಯುವವರೆಗೆ ಊದಿದಳು, ಮತ್ತೆ ಊದಿದಳು.

ಒಂದು ಹಸುವೂ ಅವಳ ಕಡೆ ತಿರುಗಲಿಲ್ಲ, ಕೊರಕಲಿನ ಕಡೆಗೂ ಹೊರಡಲಿಲ್ಲ. ಒಂದೊಂದಾಗಿ ಮುಂದೆ ಬಂದು, ಸಿಳ್ಳೆ ಅದರಡಿಯಿಂದಲೇ ಬಂತೆಂಬಂತೆ ಸಿಮೆಂಟಿನ ಬಿಲ್ಲೆಯ ಸುತ್ತ ಒತ್ತೊತ್ತಾಗಿ ನಿಂತು, ಮೂಗು ತಗ್ಗಿಸಿ ಅದನ್ನು ಮೂಸತೊಡಗಿದವು.